ನಲವತ್ತು ಕೆಬಿ ಆಟಕ್ಕೆ ಮೂರು ದಾರಿ

ಹದಿನೈದು ವರ್ಷದ ಹಿಂದೆ, ಬೇರೆಲ್ಲ ಊರುಗಳಂತೆ ಕಲಬುರಗಿಯ ಮೊಬೈಲ್ ಅಂಗಡಿಗಳಲ್ಲೂ ಹಾಡು ತುಂಬಿಸಿ ಕೊಡುವುದೇ ಒಂದು ಕಸುಬಾಗಿತ್ತು. ಮೆಮೊರಿ ಕಾರ್ಡ್ ಕೈಗಿಟ್ಟು ಹತ್ತಿಪ್ಪತ್ತು ರೂಪಾಯಿ ಕೊಟ್ಟರೆ ರಾಜ್‌ಕುಮಾರ್ ಹಾಡು, ವಚನ, ಕವ್ವಾಲಿ, ಕೇಳಿದ್ದೆಲ್ಲ ಕಾರ್ಡಿಗೆ ಸುರಿದು ಕೊಡುತ್ತಿದ್ದರು. ಈಗ ಅದೇ ಅಂಗಡಿಯ ಮುಂದೆ ಬೇರೊಂದು ಬೇಡಿಕೆ ಬಂದು ನಿಲ್ಲುತ್ತದೆ: "ಇದರಾಗ ಇನ್ನೊಂದಿಷ್ಟು ಗೇಮ್ ಹಾಕಿ ಕೊಡ್ತೀರೇನ್ರಿ?" ಕೈಯಲ್ಲಿರುವುದು ಟಿವಿಗೆ ಜೋಡಿಸುವ ಪುಟ್ಟ ಆಟದ ಪೆಟ್ಟಿಗೆ. ಹಾಡಿನಷ್ಟು ಸಲೀಸಾಗಿ ಆಗುವ ಕೆಲಸವಲ್ಲ ಇದು.

ಯಾಕಾಗಬಾರದು? ಒಂದು ಸಿನಿಮಾ ಹಾಡಿನ ಎಂಪಿ3 ಫೈಲು ನಾಲ್ಕೈದು ಎಂಬಿ ಇರುತ್ತದೆ. 1985ರ 'ಸೂಪರ್ ಮಾರಿಯೋ ಬ್ರದರ್ಸ್' ಆಟ ಪೂರ್ತಿಯಾಗಿ 40 ಕೆಬಿ. ಎಂಟು ಲೋಕ, ಒಟ್ಟು 32 ಹಂತ, ಸಂಗೀತ, ಚಿತ್ರ ಎಲ್ಲ ಸೇರಿದರೂ ಹಾಡಿನ ನೂರನೇ ಒಂದು ಪಾಲು. ನೂರು ಪಟ್ಟು ಹಗುರವಾದ ಸರಕನ್ನು ಸಾಗಿಸಲು ಇಷ್ಟು ಒದ್ದಾಟ ಏಕೆ ಎಂಬುದೇ ಈ ಅಧ್ಯಾಯದ ಪ್ರಶ್ನೆ. ಚಿಕ್ಕದಾಗಿ ಹೇಳುವುದಾದರೆ, ತೊಡಕು ಆಟದಲ್ಲಿಲ್ಲ. ಫೈಲು ಹೊರಡುವ ಕಂಪ್ಯೂಟರು, ದಾಟುವ ಪೆನ್‌ಡ್ರೈವು, ತಲುಪುವ ಪೆಟ್ಟಿಗೆ ಈ ಮೂರಕ್ಕೂ ತಮ್ಮತಮ್ಮದೇ ಕಟ್ಟುಪಾಡುಗಳಿವೆ. ಮೂರೂ ಒಪ್ಪುವ ತನಕ ಆಟ ತೆರೆಯುವುದಿಲ್ಲ.

ಉದಾಹರಣೆಗೆ ಕಮಲಾಪುರದ ಒಂದು ಮನೆಯನ್ನು ಕಲ್ಪಿಸಿಕೊಳ್ಳಿ. ದುಬೈಯಿಂದ ಬಂದ ನೆಂಟರು ಮಕ್ಕಳಿಗೆಂದು ಒಂದು ಮಿನಿ ಕನ್ಸೋಲ್ ತಂದಿದ್ದಾರೆ. ಮನೆಗೆ ಮೂರು ಕಂಪ್ಯೂಟರಿನ ನಂಟಿದೆ. ಕಾಕಾನ ಜೆರಾಕ್ಸ್ ಅಂಗಡಿಯಲ್ಲಿ ವಿಂಡೋಸ್. ಕಲಬುರಗಿಯಲ್ಲಿ ಇಂಜಿನಿಯರಿಂಗ್ ಓದುವ ಅಕ್ಕನ ಲ್ಯಾಪ್‌ಟಾಪಿನಲ್ಲಿ ಲಿನಕ್ಸ್. ಬೆಂಗಳೂರಿನಿಂದ ರಜೆಗೆ ಬಂದ ಅಣ್ಣನ ಬಳಿ ಮ್ಯಾಕ್. ಮೂವರೂ ತಮ್ಮ ಯಂತ್ರದಿಂದಲೇ ಆಟ ಹಾಕಲು ಹೊರಡುತ್ತಾರೆ. ಮೂವರಿಗೂ ಬೇರೆ ಬೇರೆ ಕಡೆ ತಡೆ ಎದುರಾಗುತ್ತದೆ.

ಹಳೆ ಚಿಪ್ಪು, ಹೊಸ ತಿರುಳು

ನಿಂಟೆಂಡೋ ಕಂಪನಿ 2016ರ ನವೆಂಬರಿನಲ್ಲಿ 'ಎನ್‌ಇಎಸ್ ಕ್ಲಾಸಿಕ್' ಎಂಬ ಅಂಗೈಯಗಲದ ಪೆಟ್ಟಿಗೆಯನ್ನು ಹೊರತಂದಿತು. ನೋಡಲು 1980ರ ದಶಕದ ಎನ್‌ಇಎಸ್ ಯಂತ್ರದ ಮರಿ. ಒಳಗೆ 30 ಆಟ. 2017ರ ಸೆಪ್ಟೆಂಬರಿನಲ್ಲಿ 21 ಆಟಗಳ 'ಸೂಪರ್ ಎನ್‌ಇಎಸ್ ಕ್ಲಾಸಿಕ್' ಬಂತು. 2018ರ ಡಿಸೆಂಬರಿನಲ್ಲಿ ಸೋನಿ 20 ಆಟಗಳ 'ಪ್ಲೇಸ್ಟೇಷನ್ ಕ್ಲಾಸಿಕ್' ತಂದಿತು. ಇವುಗಳ ಹೊರಗಿನ ಪ್ಲಾಸ್ಟಿಕ್ ಮಾತ್ರ ಹಳೆಯ ಕಾಲದ್ದು. ನಿಂಟೆಂಡೋದ ಎರಡೂ ಮಿನಿಗಳ ಒಳಗಿರುವುದು ಆಲ್‌ವಿನ್ನರ್ ಆರ್16 ಎಂಬ ಚಿಪ್: ನಾಲ್ಕು ಆರ್ಮ್ ಕಾರ್ಟೆಕ್ಸ್–ಎ7 ಕೋರ್, ಜೊತೆಗೆ 256 ಎಂಬಿ ರ್‍ಯಾಮ್, 512 ಎಂಬಿ ಫ್ಲ್ಯಾಶ್ ಸಂಗ್ರಹ. ಸೋನಿಯದರಲ್ಲಿ ಮೀಡಿಯಾಟೆಕ್ ಚಿಪ್, 1 ಜಿಬಿ ರ್‍ಯಾಮ್, 16 ಜಿಬಿ ಸಂಗ್ರಹ. ಮೂರನ್ನೂ ನಡೆಸುವುದು ಲಿನಕ್ಸ್. ಅಂದರೆ ಆಟಿಕೆಯ ವೇಷ ತೊಟ್ಟ ಪೂರ್ಣ ಪ್ರಮಾಣದ ಕಂಪ್ಯೂಟರುಗಳಿವು.

ಕನ್ನಡ ನಾಡಿಗೆ ಇಂಥ ಪುಟ್ಟ ಲಿನಕ್ಸ್ ಯಂತ್ರ ಹೊಸದೇನಲ್ಲ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ವಿಜ್ಞಾನಿಗಳು ಮತ್ತು ಎನ್‌ಕೋರ್ ಸಾಫ್ಟ್‌ವೇರ್‌ನವರು ಸೇರಿ ರೂಪಿಸಿದ 'ಸಿಂಪ್ಯೂಟರ್' ಅಂಗೈ ಕಂಪ್ಯೂಟರ್ ಲಿನಕ್ಸ್ ಮೇಲೆಯೇ ಓಡುತ್ತಿತ್ತು. ಅದರ 'ಅಮಿದಾ' ಮಾದರಿ 2004ರಲ್ಲಿ ಭಾರತ್ ಎಲೆಕ್ಟ್ರಾನಿಕ್ಸ್ ಜೊತೆಗೂಡಿ ಮಾರುಕಟ್ಟೆಗೆ ಬಂದಾಗ, ಕೈ ವಾಲಿಸಿದ್ದನ್ನು ಗುರುತಿಸುವ ಸಂವೇದಕವೂ ಅದರಲ್ಲಿತ್ತು. ಸಿಂಪ್ಯೂಟರ್ ಹಳ್ಳಿಯ ದಾಖಲೆ, ಪಾಠಗಳಿಗಾಗಿ ಹುಟ್ಟಿತು. ಮಿನಿ ಕನ್ಸೋಲ್ ಹಳೆ ನೆನಪನ್ನು ಮಾರಲು ಹುಟ್ಟಿತು. ಆದರೂ ಎರಡಕ್ಕೂ ಒಂದೇ ಕಾರಣಕ್ಕೆ ಲಿನಕ್ಸ್ ಬೇಕಾಯಿತು. ಅದಕ್ಕೆ ಲೈಸೆನ್ಸ್ ಹಣ ತೆರಬೇಕಿಲ್ಲ, ಬೇಡದ ಭಾಗವನ್ನು ಕಿತ್ತು ಸಣ್ಣ ಚಿಪ್ಪಿನೊಳಗೆ ಕೂರಿಸಬಹುದು.

ಹಿಂದೆ ನಮ್ಮ ಊರುಗಳಿಗೆ ಬಂದಿದ್ದ 'ಟಿವಿ ಗೇಮ್'ಗಳ ಬಗೆಯೇ ಬೇರೆ. ಅವು ಬಹುಪಾಲು ಎನ್‌ಇಎಸ್‌ನ ನಕಲು ಯಂತ್ರಗಳು. ಮೇಲೆ ತುರುಕುವ ಕಾರ್ಟ್ರಿಜ್ಜನ್ನು ಎಲ್ಲರೂ 'ಕ್ಯಾಸೆಟ್' ಎನ್ನುತ್ತಿದ್ದರು. ಒಳಗೆ ಟೇಪೂ ಇರಲಿಲ್ಲ, ಸುರುಳಿಯೂ ಇರಲಿಲ್ಲ. ಹಸಿರು ಹಲಗೆಯ ಮೇಲೆ ಕಪ್ಪು ಅಂಟಿನ ಉಂಡೆಯಡಿ ಅಡಗಿದ ಒಂದು ರೋಮ್ (ROM) ಚಿಪ್, ಅಂದರೆ ಓದಲು ಮಾತ್ರ ಬರುವ ಸ್ಮೃತಿ. ಬರೆಯಲು ಬಾರದ್ದಕ್ಕೆ ಆಟ ಸೇರಿಸುವ ಮಾತೇ ಇಲ್ಲ. ಹೊಸ ಆಟ ಬೇಕೆಂದರೆ ಹೊಸ ಕ್ಯಾಸೆಟ್ಟೇ ಗತಿ. '9999 ಇನ್ 1' ಎಂದು ಬರೆದ ಕ್ಯಾಸೆಟ್ಟಿನಲ್ಲೂ ಬೆರಳೆಣಿಕೆಯ ಆಟಗಳೇ ಹೆಸರು ಬದಲಿಸಿಕೊಂಡು ಮತ್ತೆ ಮತ್ತೆ ಬರುತ್ತಿದ್ದವು.

ಆಟವೆಂಬ ಅಂಕಿಗಳ ಸಾಲು

ಮೂಲ ಎನ್‌ಇಎಸ್‌ನ ಮಿದುಳು 6502 ಎಂಬ ಎಂಟು ಬಿಟ್ ಸಂಸ್ಕಾರಕದ ಒಂದು ರೂಪ. ಸೆಕೆಂಡಿಗೆ ಸುಮಾರು 17.9 ಲಕ್ಷ ಕ್ಲಾಕ್ ಸೈಕಲ್, ಕೆಲಸದ ಸ್ಮೃತಿ ಬರೀ 2 ಕೆಬಿ. ಆಟವೆಂದರೆ ಅದಕ್ಕೆ ಒಂದರ ಹಿಂದೊಂದು ಸಿಗುವ ಅಂಕಿಗಳು. ಉದಾಹರಣೆಗೆ 169 ಎಂಬ ಅಂಕಿ ಕಂಡರೆ 'ಮುಂದಿನ ಅಂಕಿಯನ್ನು ಎ ಎಂಬ ಖಾನೆಗೆ ಹಾಕು' ಎಂದರ್ಥ. ಮಾರಿಯೋ ಆಟದಲ್ಲಿ ಇಂಥ ಆಜ್ಞೆ, ಮಾಹಿತಿ ಸೇರಿ 32 ಕೆಬಿ. ಚಿತ್ರದ ತುಣುಕುಗಳಿಗೆ 8 ಕೆಬಿ.

ಮಿನಿ ಕನ್ಸೋಲಿನ ಆರ್ಮ್ ಚಿಪ್ಪಿಗೆ 169 ಎಂದರೆ ಏನೂ ತಿಳಿಯದು. ಆದ್ದರಿಂದ ನಡುವೆ ಎಮ್ಯುಲೇಟರ್ ಎಂಬ ತಂತ್ರಾಂಶ ಕೂರುತ್ತದೆ. ಅದು ಹಳೆಯ ಅಂಕಿಯನ್ನು ಓದಿ, ಹಳೆ ಯಂತ್ರ ಏನು ಮಾಡುತ್ತಿತ್ತೋ ಅದನ್ನೇ ಹೊಸ ಚಿಪ್ಪಿನಲ್ಲಿ ಮಾಡಿ ತೋರಿಸುತ್ತದೆ. ಪರದೆಯ ಒಂದು ಚಿತ್ರಕ್ಕೆ, ಅಂದರೆ ಸೆಕೆಂಡಿನ ಅರವತ್ತನೇ ಒಂದು ಭಾಗದಲ್ಲಿ, ಹಳೆ ಸಂಸ್ಕಾರಕದ ಸುಮಾರು 29,780 ಸೈಕಲ್‌ಗಳ ಕೆಲಸ ಮುಗಿಯಬೇಕು. ಜೊತೆಗೆ ಚಿತ್ರ ಬಿಡಿಸುವ ಚಿಪ್ಪನ್ನೂ ಧ್ವನಿಯನ್ನೂ ಹೆಜ್ಜೆ ತಪ್ಪದಂತೆ ನಡೆಸಬೇಕು. ನೂರಾರು ಪಟ್ಟು ವೇಗದ ಆರ್ಮ್ ಚಿಪ್ಪಿಗೆ ಇದು ಭಾರವೇನಲ್ಲ. ಎನ್‌ಇಎಸ್ ಮಿನಿಯಲ್ಲಿ ಈ ಕೆಲಸಕ್ಕೆ ನಿಂಟೆಂಡೋದ ಪ್ಯಾರಿಸ್ ಘಟಕ ಬರೆದ 'ಕಾಚಿಕಾಚಿ' ಎಂಬ ಎಮ್ಯುಲೇಟರ್ ಇದೆ.

ಇಲ್ಲಿ ಮೊದಲ ಕಟ್ಟುಪಾಡು ಬರುತ್ತದೆ. ಕಾರ್ಟ್ರಿಜ್ಜಿನ ಅಂಕಿಗಳನ್ನು ಹಾಗೆಯೇ ಫೈಲಿಗೆ ಇಳಿಸಿದರೆ ಎಲ್ಲಿಯ ತನಕ ಆಜ್ಞೆ, ಎಲ್ಲಿಂದ ಚಿತ್ರ ಎಂದು ಎಮ್ಯುಲೇಟರ್‌ಗೆ ಗೊತ್ತಾಗುವುದಿಲ್ಲ. 1990ರ ದಶಕದಲ್ಲಿ ಮರಾಟ್ ಫೈಜುಲ್ಲಿನ್ ತಮ್ಮ ಐನೆಸ್ ಎಮ್ಯುಲೇಟರ್‌ಗಾಗಿ 16 ಬೈಟಿನ ಒಂದು ತಲೆಬರಹ ರೂಪಿಸಿದರು. ಮೊದಲು ಎನ್, ಇ, ಎಸ್ ಎಂಬ ಮೂರು ಅಕ್ಷರ, ನಾಲ್ಕನೆಯದು 26 ಎಂಬ ಅಂಕಿ. ಹಳೆಯ ಡಾಸ್ ವ್ಯವಸ್ಥೆಯಲ್ಲಿ 26 ಎಂದರೆ ಪಠ್ಯ ಮುಗಿಯಿತು ಎಂಬ ಗುರುತು; ಯಾರಾದರೂ ಈ ಫೈಲನ್ನು ಪರದೆಗೆ ತರಿಸಿದರೆ ಕಸ ಸುರಿಯದೆ ಅಲ್ಲಿಗೇ ನಿಲ್ಲಲಿ ಎಂಬ ಮುಂಜಾಗ್ರತೆ. ಆಮೇಲಿನ ಬೈಟುಗಳಲ್ಲಿ ಆಜ್ಞೆಯ ಭಾಗ ಎಷ್ಟು, ಚಿತ್ರದ ಭಾಗ ಎಷ್ಟು, ಕಾರ್ಟ್ರಿಜ್ಜಿನ ಹಲಗೆ ಯಾವ ಬಗೆಯದು ಎಂಬ ವಿವರ. ಹೀಗೆ ಮಾರಿಯೋ ಫೈಲಿನ ತೂಕ 40,960 ಅಲ್ಲ, 40,976 ಬೈಟು.

ಹಲಗೆಯ ಬಗೆ ಹೇಳುವ ಆ ಅಂಕಿಗೆ 'ಮ್ಯಾಪರ್' ಎನ್ನುತ್ತಾರೆ. ಅಂಗಡಿಯಲ್ಲಿ ಅರ್ಧ ತಕರಾರು ಇದರದೇ. ಎನ್‌ಇಎಸ್ ಸಂಸ್ಕಾರಕಕ್ಕೆ ಮಾಮೂಲಿಯಾಗಿ ಕಾರ್ಟ್ರಿಜ್ಜಿನ 32 ಕೆಬಿ ಮಾತ್ರ ಒಮ್ಮೆಗೆ ಕಾಣುತ್ತದೆ. 'ಸೂಪರ್ ಮಾರಿಯೋ ಬ್ರದರ್ಸ್ 3' ಇರುವುದು 384 ಕೆಬಿ. ಹಾಗಾಗಿ ಅದರ ಕಾರ್ಟ್ರಿಜ್ಜಿನಲ್ಲಿ ಇನ್ನೊಂದು ಚಿಪ್ ಕೂತು, ಬೇಕಾದ ತುಂಡನ್ನು ಬೇಕಾದಾಗ ಕಿಟಕಿಯ ಮುಂದೆ ತಂದಿಡುತ್ತದೆ. ಇಂಥ ಚಿಪ್ಪುಗಳು ಹತ್ತಾರು ಬಗೆ. ಕಾಚಿಕಾಚಿ ಕೆಲವನ್ನಷ್ಟೇ ಬಲ್ಲದು. ಆದ್ದರಿಂದ ಫೈಲು ಸರಿಯಿದ್ದರೂ, ಸರಿಯಾಗಿ ತಲುಪಿದ್ದರೂ ಕೆಲವು ಆಟ ಕಪ್ಪು ಪರದೆ ತೋರಿಸಿ ಕೂರುತ್ತವೆ. ಆಗ 'ರೆಟ್ರೋಆರ್ಕ್' ಎಂಬ ಮುಕ್ತ ತಂತ್ರಾಂಶವನ್ನೂ ಪೆಟ್ಟಿಗೆಗೆ ಸೇರಿಸಿ, ಹೆಚ್ಚು ಮ್ಯಾಪರ್ ಬಲ್ಲ ಎಮ್ಯುಲೇಟರ್‌ಗೆ ಆ ಆಟವನ್ನು ಒಪ್ಪಿಸಬೇಕಾಗುತ್ತದೆ.

ಇನ್ನೊಂದು ದೂರು ಮಕ್ಕಳದಲ್ಲ, ಅವರ ಅಪ್ಪಂದಿರದು: "ನಾವು ಆಡ್ತಿದ್ದಾಗ ಇದು ಇಷ್ಟು ಜೋರ್ ಓಡ್ತಿರಲಿಲ್ಲ." ವಯಸ್ಸಿನ ಮೇಲೆ ಗೂಬೆ ಕೂರಿಸುವ ಮುಂಚೆ ಟಿವಿಯನ್ನು ವಿಚಾರಿಸಬೇಕು. ಭಾರತದ ಹಳೆಯ ಟಿವಿಗಳು ಪಾಲ್ ಪದ್ಧತಿಯವು, ಸೆಕೆಂಡಿಗೆ 50 ಬಾರಿ ಪರದೆ ಗೀಚುತ್ತಿದ್ದವು. ಅಮೆರಿಕ, ಜಪಾನಿನ ಆಟಗಳು 60ಕ್ಕೆ ಹೊಂದಿಸಿದವು. ಆಟದ ಗತಿ ಪರದೆಯ ಗತಿಗೆ ಕಟ್ಟಿಕೊಂಡಿದ್ದರಿಂದ, ಪಾಲ್ ಟಿವಿಗೆಂದು ಮಾಡಿದ ನಕಲು ಯಂತ್ರಗಳಲ್ಲಿ ಆಟ ಆರರಲ್ಲಿ ಐದು ಪಾಲು ವೇಗದಲ್ಲಿ ನಡೆಯುತ್ತಿತ್ತು. ಒಂದು ನಿಮಿಷದ ರಾಗ 72 ಸೆಕೆಂಡು ಹಿಡಿಯುತ್ತಿತ್ತು. ಎನ್‌ಇಎಸ್ ಮಿನಿಯಲ್ಲಿ 60ರ ಆವೃತ್ತಿಗಳಿವೆ, ಆದ್ದರಿಂದ ಜೋರು. ಪ್ಲೇಸ್ಟೇಷನ್ ಮಿನಿಯ 20ರಲ್ಲಿ 9 ಆಟ 50ರ ಆವೃತ್ತಿಯವು. ಅದಕ್ಕಾಗಿ ಸೋನಿ ಜಗತ್ತಿನಾದ್ಯಂತ ಟೀಕೆ ಕೇಳಬೇಕಾಯಿತು.

ಮೊದಲ ದಾರಿ: ಕೇಬಲ್

ನಿಂಟೆಂಡೋ ಮಿನಿಗಳಿಗೆ ಕಾರ್ಡ್ ಹಾಕುವ ಸೀಳಿಲ್ಲ. ಇರುವುದು ಕರೆಂಟ್ ಕೊಡುವ ಒಂದು ಮೈಕ್ರೋ ಯುಎಸ್‌ಬಿ ತೂತು. ಆದರೆ ಆಲ್‌ವಿನ್ನರ್ ಚಿಪ್ಪಿನೊಳಗೆ, ಕಾರ್ಖಾನೆಯಲ್ಲಿಯೇ ಅಚ್ಚಾದ, ಅಳಿಸಲಾಗದ ಒಂದು ಪುಟ್ಟ ಕ್ರಮವಿಧಿ ಇದೆ. ರೀಸೆಟ್ ಗುಂಡಿ ಒತ್ತಿ ಹಿಡಿದು ಪವರ್ ಕೊಟ್ಟರೆ ಚಿಪ್ ತನ್ನ ಫ್ಲ್ಯಾಶಿನಲ್ಲಿರುವ ಲಿನಕ್ಸನ್ನು ಎಬ್ಬಿಸದೆ ಯುಎಸ್‌ಬಿ ಕಡೆ ಕಿವಿಗೊಟ್ಟು ಕೂರುತ್ತದೆ. ಇದಕ್ಕೆ 'ಫೆಲ್' ಸ್ಥಿತಿ ಎಂದು ಹೆಸರು. ಹಾಳಾದ ಯಂತ್ರವನ್ನು ಮತ್ತೆ ಬದುಕಿಸಲು ಕಾರ್ಖಾನೆಯವರು ಇಟ್ಟ ಬಾಗಿಲು ಇದು. 'ಹಕ್‌ಚಿ' ಎಂಬ ಉಪಕರಣ ಬರೆದವರು ಇದೇ ಬಾಗಿಲಿನಿಂದ ಒಳಹೋದರು: ಕಂಪ್ಯೂಟರಿನಿಂದ ಚಿಪ್ಪಿನ ಸ್ಮೃತಿಗೆ ಒಂದು ತಾತ್ಕಾಲಿಕ ಲಿನಕ್ಸನ್ನು ಕಳಿಸಿ, ಅದರ ಕೈಯಿಂದ ಪೆಟ್ಟಿಗೆಯ ಫ್ಲ್ಯಾಶಿಗೆ ಹೊಸ ಆಟಗಳನ್ನು ಬರೆಸುವುದು.

ಕಾಕಾನ ವಿಂಡೋಸ್ ಕಂಪ್ಯೂಟರಿಗೆ ಕೇಬಲ್ ಸಿಕ್ಕಿಸಿದರೆ 'ಅಪರಿಚಿತ ಸಾಧನ' ಎಂಬ ಸೂಚನೆ ಬರುತ್ತದೆ. ಪ್ರತಿ ಯುಎಸ್‌ಬಿ ಸಾಧನಕ್ಕೂ ತಯಾರಕರ ಅಂಕಿ, ಮಾದರಿಯ ಅಂಕಿ ಎಂಬ ಜೋಡಿ ಗುರುತಿರುತ್ತದೆ. ವಿಂಡೋಸ್ ಆ ಗುರುತಿಗೆ ಹೊಂದುವ ಡ್ರೈವರ್ ಹುಡುಕುತ್ತದೆ; ಸಿಗದಿದ್ದರೆ ಯಾವ ತಂತ್ರಾಂಶವನ್ನೂ ಆ ಸಾಧನದ ಹತ್ತಿರ ಬಿಡುವುದಿಲ್ಲ. ವಿನ್‌ಯುಎಸ್‌ಬಿ ಎಂಬ ಸಾಮಾನ್ಯ ಡ್ರೈವರನ್ನು ಆ ಗುರುತಿಗೆ ಅಂಟಿಸಿದರೆ ದಾರಿ ತೆರೆಯುತ್ತದೆ.

ಅಕ್ಕನ ಲಿನಕ್ಸ್‌ನಲ್ಲಿ ಡ್ರೈವರ್ ಗೋಜಿಲ್ಲ. ಸಿಕ್ಕಿಸಿದ ತಕ್ಷಣ ಸಾಧನ ಪಟ್ಟಿಯಲ್ಲಿ ಕಾಣುತ್ತದೆ. ಆದರೆ ಅದನ್ನು ಮುಟ್ಟುವ ಹಕ್ಕು ರೂಟ್ ಬಳಕೆದಾರನಿಗೆ ಮಾತ್ರ. ಸಾಮಾನ್ಯ ಖಾತೆಯಿಂದ ಯತ್ನಿಸಿದರೆ 'ಅನುಮತಿ ಇಲ್ಲ' ಎಂದು ತಳ್ಳುತ್ತದೆ. ಈ ಗುರುತಿನ ಸಾಧನವನ್ನು ಈ ಗುಂಪಿನವರು ಮುಟ್ಟಬಹುದು ಎಂದು ಹೇಳುವ ಒಂದು ಸಾಲಿನ ಯುಡೆವ್ ನಿಯಮ ಬರೆಯಬೇಕು.

ಅಣ್ಣನ ಮ್ಯಾಕ್‌ನಲ್ಲಿ ಡ್ರೈವರೂ ಬೇಡ, ಅನುಮತಿಯೂ ಬೇಡ. ಅಲ್ಲಿ ಕೊರತೆ ಇರುವುದು ಉಪಕರಣದ್ದೇ. ಹಕ್‌ಚಿಯ ಗುಂಡಿ ಒತ್ತುವ ರೂಪ ವಿಂಡೋಸ್‌ಗಾಗಿ ಬರೆದದ್ದು. ಸರಿ, ಮ್ಯಾಕ್‌ನೊಳಗೆ ವಿಂಡೋಸ್‌ನ ವರ್ಚುವಲ್ ಯಂತ್ರ ಎಬ್ಬಿಸಿದರಾಯಿತಲ್ಲ ಎಂದು ಅಣ್ಣ ಯೋಚಿಸುತ್ತಾನೆ. ಕೆಲಸ ಅರ್ಧಕ್ಕೆ ನಿಲ್ಲುತ್ತದೆ. ಪೆಟ್ಟಿಗೆ ಮೊದಲು ಫೆಲ್ ಗುರುತಿನಲ್ಲಿ ಕಾಣಿಸಿ, ತಾತ್ಕಾಲಿಕ ಲಿನಕ್ಸ್ ಎದ್ದ ಕೂಡಲೇ ಸಂಪರ್ಕ ಕಡಿದು ಬೇರೊಂದು ಗುರುತಿನಲ್ಲಿ ಮತ್ತೆ ಪ್ರತ್ಯಕ್ಷವಾಗುತ್ತದೆ. ವರ್ಚುವಲ್ ಯಂತ್ರಕ್ಕೆ ಒಪ್ಪಿಸಿದ್ದು ಮೊದಲ ಗುರುತನ್ನು ಮಾತ್ರ. ಎರಡನೆಯದನ್ನು ಮ್ಯಾಕ್ ತಾನೇ ಇಟ್ಟುಕೊಳ್ಳುತ್ತದೆ. ಎರಡೂ ಗುರುತನ್ನು ವರ್ಚುವಲ್ ಯಂತ್ರಕ್ಕೆ ಬರೆದುಕೊಟ್ಟರೆ ಮಾತ್ರ ಕೆಲಸ ಮುಂದೆ ಸಾಗುತ್ತದೆ.

ಮೂವರಿಗೂ ಸಮಾನವಾದ ತಡೆ ಒಂದಿದೆ, ಅದು ಕೇಬಲ್‌ನದು. ಯುಎಸ್‌ಬಿ ಕೇಬಲಿನಲ್ಲಿ ಕರೆಂಟಿಗೆ ಎರಡು ತಂತಿ, ಮಾಹಿತಿಗೆ ಎರಡು. ಅಗ್ಗದ ಚಾರ್ಜಿಂಗ್ ಕೇಬಲ್‌ಗಳಲ್ಲಿ ಮಾಹಿತಿಯ ತಂತಿಯೇ ಇರುವುದಿಲ್ಲ. ದೀಪ ಉರಿಯುತ್ತದೆ, ಕಂಪ್ಯೂಟರಿಗೆ ಏನೂ ಕಾಣುವುದಿಲ್ಲ. ಡ್ರೈವರನ್ನು ಬೈಯುವ ಮುಂಚೆ ಅದೇ ಕೇಬಲಿನಲ್ಲಿ ಮೊಬೈಲಿನಿಂದ ಒಂದು ಫೋಟೋ ದಾಟಿಸಿ ನೋಡುವುದು ಒಳ್ಳೆಯದು. ಫ್ಲ್ಯಾಶಿಗೆ ಬರೆಯುವ ಹೊತ್ತಿನಲ್ಲಿ ಕರೆಂಟ್ ಹೋದರೆ ಪೆಟ್ಟಿಗೆಯ ಲಿನಕ್ಸ್ ಏಳದಿರಬಹುದು. ಬ್ಯಾಟರಿ ಇರುವ ಲ್ಯಾಪ್‌ಟಾಪಿನಲ್ಲಿ ಈ ಕೆಲಸ ಮಾಡುವುದು, ಮೊದಲಿಗೇ ಮೂಲ ಫ್ಲ್ಯಾಶಿನ ನಕಲು ತೆಗೆದಿಡುವುದು ಎರಡೂ ಜಾಣತನ. ಫೆಲ್ ಬಾಗಿಲು ಅಳಿಸಲಾಗದ ಜಾಗದಲ್ಲಿರುವುದರಿಂದ ಆ ನಕಲನ್ನು ಮತ್ತೆ ಬರೆದು ಪೆಟ್ಟಿಗೆಯನ್ನು ಎಬ್ಬಿಸಬಹುದು.

ಎರಡನೇ ದಾರಿ: ಪೆನ್‌ಡ್ರೈವ್

ಪ್ಲೇಸ್ಟೇಷನ್ ಮಿನಿಗೆ ಯುಎಸ್‌ಬಿ ಕಂಡಿ ಎದುರಿಗೇ ಇದೆ. ಅದರಲ್ಲಿರುವ ಎಮ್ಯುಲೇಟರ್ 'ಪಿಸಿಎಸ್‌ಎಕ್ಸ್ ರಿಆರ್ಮ್ಡ್' ಎಂಬ ಮುಕ್ತ ತಂತ್ರಾಂಶ. ಪೆಟ್ಟಿಗೆ ಮಾರಾಟಕ್ಕೆ ಬಂದ ವಾರಗಳಲ್ಲೇ ಹವ್ಯಾಸಿಗಳು ಪೆನ್‌ಡ್ರೈವಿನಿಂದ ಆಟ ಓಡಿಸುವ 'ಬ್ಲೀಮ್‌ಸಿಂಕ್' ರೂಪಿಸಿದರು. ಪೆನ್‌ಡ್ರೈವ್ ಫ್ಯಾಟ್32 ಅಥವಾ ಎಕ್ಸ್‌ಫ್ಯಾಟ್ ಆಗಿರಬೇಕು, ಅದರ ಹೆಸರು 'ಸೋನಿ' ಎಂದು ಇಂಗ್ಲಿಷ್ ದೊಡ್ಡಕ್ಷರದಲ್ಲಿರಬೇಕು. ಹೆಸರು ತಪ್ಪಿದರೆ ಪೆಟ್ಟಿಗೆ ಆ ಪೆನ್‌ಡ್ರೈವನ್ನು ಲೆಕ್ಕಕ್ಕೇ ತೆಗೆದುಕೊಳ್ಳದು.

ಫ್ಯಾಟ್ ಏಕೆ? ಪ್ರತಿ ಕಾರ್ಯಾಚರಣ ವ್ಯವಸ್ಥೆಗೂ ಡಿಸ್ಕಿನ ಮೇಲೆ ಫೈಲಿನ ಲೆಕ್ಕ ಇಡುವ ತನ್ನದೇ ಪದ್ಧತಿ ಇದೆ. ವಿಂಡೋಸ್‌ನದು ಎನ್‌ಟಿಎಫ್‌ಎಸ್, ಲಿನಕ್ಸ್‌ನದು ಹೆಚ್ಚಾಗಿ ಇಎಕ್ಸ್‌ಟಿ4, ಮ್ಯಾಕ್‌ನದು ಎಪಿಎಫ್‌ಎಸ್. ಇನ್ನೊಬ್ಬರದನ್ನು ಸರಿಯಾಗಿ ಓದಿ ಬರೆಯುವುದು ಇವರಲ್ಲಿ ಎಲ್ಲರಿಗೂ ಬರುವುದಿಲ್ಲ. 1977ರಲ್ಲಿ ಮೈಕ್ರೋಸಾಫ್ಟ್‌ನಲ್ಲಿ ಫ್ಲಾಪಿಗಾಗಿ ಹುಟ್ಟಿದ ಫ್ಯಾಟ್ ಮಾತ್ರ ಎಲ್ಲರಿಗೂ ಗೊತ್ತು. ಕಲಬುರಗಿಯ ಗಂಜಿನಲ್ಲಿ ಕನ್ನಡ, ಉರ್ದು, ಮರಾಠಿ, ತೆಲುಗಿನ ಮನೆಗಳಿಂದ ಬಂದವರು ತೊಗರಿಯ ದರ ಮಾತಾಡುವಾಗ ಎಲ್ಲರಿಗೂ ತಿಳಿಯುವ ನಾಲ್ಕು ಮಾತಿಗೆ ಇಳಿಯುತ್ತಾರಲ್ಲ, ಫ್ಯಾಟ್‌ನ ಬಳಕೆಯೂ ಹಾಗೆಯೇ. ಅದರಲ್ಲಿ ನಯ ನಾಜೂಕಿಲ್ಲ, ಯಾರ ಫೈಲು, ಯಾರಿಗೆ ಅನುಮತಿ ಎಂಬ ವಿವರವಿಲ್ಲ. ವ್ಯವಹಾರ ಮಾತ್ರ ನಿಲ್ಲುವುದಿಲ್ಲ.

ಆ ಸರಳತನಕ್ಕೆ ತೆರಬೇಕಾದ ಬೆಲೆಯೂ ಇದೆ. ಫ್ಯಾಟ್32 ಫೈಲಿನ ಗಾತ್ರ ಬರೆಯಲು ಇಟ್ಟಿರುವ ಜಾಗ 32 ಬಿಟ್. ಅದರಲ್ಲಿ ಹಿಡಿಯುವ ಅತಿ ದೊಡ್ಡ ಅಂಕಿ 4,294,967,295. ಹಾಗಾಗಿ 4 ಜಿಬಿ ಮುಟ್ಟುವ ಫೈಲು ಅದರಲ್ಲಿ ಕೂರದು. ಪ್ಲೇಸ್ಟೇಷನ್ ಒಂದರ ಆಟಗಳು ಸಿಡಿಯ ಗಾತ್ರದವು, ಹೆಚ್ಚೆಂದರೆ 700 ಎಂಬಿ ಆಸುಪಾಸು, ಆದ್ದರಿಂದ ತೊಂದರೆಯಿಲ್ಲ. ಇನ್ನು ವಿಂಡೋಸ್‌ನ ಫಾರ್ಮ್ಯಾಟ್ ಕಿಟಕಿ 32 ಜಿಬಿಗಿಂತ ದೊಡ್ಡ ಪೆನ್‌ಡ್ರೈವಿಗೆ ಫ್ಯಾಟ್32 ಆಯ್ಕೆಯನ್ನೇ ತೋರಿಸುತ್ತಿರಲಿಲ್ಲ. ಅದು ಫ್ಯಾಟ್‌ನ ಮಿತಿಯಲ್ಲ, ಆ ಕಿಟಕಿ ಬರೆದವರು ಹಾಕಿಕೊಂಡ ಗೆರೆ. 64 ಜಿಬಿ ಪೆನ್‌ಡ್ರೈವನ್ನು ಲಿನಕ್ಸ್ ಇಲ್ಲವೇ ಮ್ಯಾಕ್ ಯಾವ ತಕರಾರೂ ಇಲ್ಲದೆ ಫ್ಯಾಟ್32 ಮಾಡಿಕೊಡುತ್ತವೆ. 2006ರ ಎಕ್ಸ್‌ಫ್ಯಾಟ್ ಈ ಎರಡೂ ಮಿತಿ ದಾಟಿತು. ಆದರೆ ಮೈಕ್ರೋಸಾಫ್ಟ್ ಅದರ ವಿವರವನ್ನು ಎಲ್ಲರಿಗೂ ತೆರೆದಿಟ್ಟಿದ್ದು 2019ರಲ್ಲಿ, ಲಿನಕ್ಸ್ ತಿರುಳಿಗೆ ಅದು ಸೇರಿದ್ದೂ ಆಮೇಲೆಯೇ.

ಈ ದಾರಿಯಲ್ಲಿ ಎಡವುವವನು ಅಣ್ಣ. ಮ್ಯಾಕ್‌ನಿಂದ ಆಟ ಹಾಕಿದ ಪೆನ್‌ಡ್ರೈವಿನಲ್ಲಿ ಒಂದೊಂದು ಆಟವೂ ಎರಡೆರಡು ಸಲ ಕಾಣಿಸುತ್ತದೆ, ಒಂದು ತೆರೆಯುತ್ತದೆ, ಇನ್ನೊಂದು ತೆರೆಯುವುದಿಲ್ಲ. ಕಾರಣ ಇಷ್ಟು: ಫೈಲು ಎಲ್ಲಿಂದ ಬಂತು ಮುಂತಾದ ಹೆಚ್ಚಿನ ವಿವರವನ್ನು ಮ್ಯಾಕ್ ಫೈಲಿನ ಬೆನ್ನಿಗೇ ಕಟ್ಟುತ್ತದೆ. ಫ್ಯಾಟ್‌ನಲ್ಲಿ ಅದಕ್ಕೆ ಜಾಗವಿಲ್ಲದ್ದರಿಂದ ಚುಕ್ಕಿ ಮತ್ತು ಅಡಿಗೆರೆಯಿಂದ ಶುರುವಾಗುವ ಹೆಸರಿನ ಒಂದು ಜೋಡಿ ಫೈಲು ಮಾಡಿಡುತ್ತದೆ. ಮ್ಯಾಕ್ ಅದನ್ನು ಮರೆಮಾಡುತ್ತದೆ. ಆಟದ ಪೆಟ್ಟಿಗೆ ಅದನ್ನೂ ಆಟವೆಂದೇ ಎಣಿಸುತ್ತದೆ. ಮ್ಯಾಕ್‌ನಲ್ಲೇ ಇರುವ 'ಡಾಟ್ ಕ್ಲೀನ್' ಆಜ್ಞೆ ಕೊಟ್ಟು ಆಮೇಲೆ ಇಜೆಕ್ಟ್ ಮಾಡಿದರೆ ಈ ಕಾಟ ತಪ್ಪುತ್ತದೆ.

ಮೂರನೇ ದಾರಿ: ಲಿನಕ್ಸ್ ಕಾರ್ಡ್

ಮೂರನೆಯ ಬಗೆ ಮನೆಯಲ್ಲೇ ಕಟ್ಟಿಕೊಂಡ ಪೆಟ್ಟಿಗೆ: ರಾಸ್ಪ್‌ಬೆರಿ ಪೈ ಹಲಗೆ, ಮೈಕ್ರೋಎಸ್‌ಡಿ ಕಾರ್ಡಿನಲ್ಲಿ ರೆಟ್ರೋಪೈ ಅಥವಾ ಬಟೊಸೆರಾ. ಇಲ್ಲಿ ಅಪಾಯ ಕಾಕಾನಿಗೆ. ಆ ಕಾರ್ಡಿನ ಮೊದಲ ತುಂಡು ಫ್ಯಾಟ್, ಆಟಗಳಿರುವ ತುಂಡು ಇಎಕ್ಸ್‌ಟಿ4. ವಿಂಡೋಸ್‌ಗೆ ಸಿಕ್ಕಿಸಿದ ಕೂಡಲೇ 'ಈ ಡಿಸ್ಕ್ ಬಳಸುವ ಮುಂಚೆ ಫಾರ್ಮ್ಯಾಟ್ ಮಾಡಬೇಕು' ಎಂಬ ಕಿಟಕಿ ತೆರೆಯುತ್ತದೆ. ಅದಕ್ಕೆ 'ಹೂಂ' ಎಂದರೆ ಇದ್ದ ಆಟಗಳೂ ಹೋದವು. ವಿಂಡೋಸ್‌ಗೆ ಕಾರ್ಡು ಹಾಳಾಗಿದೆಯೆಂದು ಗೊತ್ತಾಗಿಲ್ಲ, ಅದನ್ನು ಓದಲು ಬಂದಿಲ್ಲ, ಅಷ್ಟೆ. ಕಾರ್ಡನ್ನು ಪೆಟ್ಟಿಗೆಯಲ್ಲೇ ಬಿಟ್ಟು ಮನೆಯ ವೈಫೈ ಮೂಲಕ ಫೈಲು ಕಳಿಸುವುದು ಅವನಿಗೆ ಸುರಕ್ಷಿತ.

ಪ್ಲೇಸ್ಟೇಷನ್ ಆಟದ ಜೊತೆ 'ಕ್ಯೂ' ಎಂಬ ಸಣ್ಣ ಪಠ್ಯ ಫೈಲು ಬರುತ್ತದೆ. ದೊಡ್ಡ 'ಬಿನ್' ಫೈಲಿನ ಹೆಸರನ್ನು ಅದರೊಳಗೆ ಬರೆದಿರುತ್ತದೆ. ಪಠ್ಯದಲ್ಲಿ ಹೆಸರು ಇಂಗ್ಲಿಷಿನ ಸಣ್ಣಕ್ಷರದಲ್ಲಿದ್ದು ಫೈಲಿನ ಹೆಸರು ದೊಡ್ಡಕ್ಷರದಲ್ಲಿದ್ದರೆ ವಿಂಡೋಸ್ ಎರಡನ್ನೂ ಒಂದೇ ಎನ್ನುತ್ತದೆ. ಫ್ಯಾಟ್ ಪೆನ್‌ಡ್ರೈವಿನ ಮೇಲೂ ನಡೆಯುತ್ತದೆ. ಇಎಕ್ಸ್‌ಟಿ4 ಕಾರ್ಡಿಗೆ ಬಂದ ಕೂಡಲೇ ಅವು ಎರಡು ಬೇರೆ ಫೈಲುಗಳು. ಆಟ ಸಿಗಲಿಲ್ಲ ಎಂಬ ಉತ್ತರ. ಸಾಲು ಮುಗಿಸುವ ಕ್ರಮದಲ್ಲೂ ಭೇದವಿದೆ. ವಿಂಡೋಸ್ ಪ್ರತಿ ಸಾಲಿನ ಕೊನೆಗೆ 13 ಮತ್ತು 10 ಎಂಬ ಎರಡು ಅಂಕಿ ಇಡುತ್ತದೆ, ಲಿನಕ್ಸ್ 10 ಮಾತ್ರ. ಕಾಕಾ ವಿಂಡೋಸ್‌ನಲ್ಲಿ ಹೊಸದಾಗಿ ಟೈಪು ಮಾಡಿ ಉಳಿಸಿದ ಲಿನಕ್ಸ್ ಆಜ್ಞಾ ಫೈಲಿನಲ್ಲಿ ಕಣ್ಣಿಗೆ ಕಾಣದ ಆ 13, ಮೊದಲ ಸಾಲಿನ ಹೆಸರಿಗೆ ಅಂಟಿಕೊಂಡು, ಇರುವ ತಂತ್ರಾಂಶವೇ ಇಲ್ಲವೆಂಬ ಉತ್ತರ ತರಿಸುತ್ತದೆ.

ಆಟಕ್ಕೆ ಕನ್ನಡದಲ್ಲಿ ಹೆಸರಿಟ್ಟರೆ ಇನ್ನೊಂದು ಸೋಜಿಗ ಎದುರಾಗುತ್ತದೆ. 'ಕೋತಿ' ಎಂಬ ಹೆಸರನ್ನೇ ನೋಡಿ. ಯೂನಿಕೋಡ್‌ನಲ್ಲಿ ಓ ಕಾರದ ಚಿಹ್ನೆಯನ್ನು ಎರಡು ರೀತಿ ಬರೆಯಬಹುದು: ಒಂದೇ ಸಂಕೇತವಾಗಿ, ಇಲ್ಲವೇ ಎತ್ವ, ಕೊಂಬಿನ ದೀರ್ಘ, ಕೊನೆಯ ದೀರ್ಘ ಎಂಬ ಮೂರು ತುಂಡಾಗಿ. ಪರದೆಯ ಮೇಲೆ ಎರಡೂ ಒಂದೇ. ಪ್ರತಿ ಕನ್ನಡ ಸಂಕೇತಕ್ಕೆ ಯುಟಿಎಫ್–8ರಲ್ಲಿ ಮೂರು ಬೈಟು, ಆದ್ದರಿಂದ ಮೊದಲ ರೀತಿಯಲ್ಲಿ 'ಕೋತಿ' 12 ಬೈಟು, ಎರಡನೆಯದರಲ್ಲಿ 18. ಹಳೆಯ ಮ್ಯಾಕ್‌ಗಳ ಎಚ್‌ಎಫ್‌ಎಸ್ ಪ್ಲಸ್ ಪದ್ಧತಿ ಹೆಸರುಗಳನ್ನು ಬಿಡಿಸಿಯೇ ಇಡುತ್ತಿತ್ತು. ಕೀಲಿಮಣೆಯಿಂದ ಟೈಪು ಮಾಡಿದ ಆಟದ ಪಟ್ಟಿಯಲ್ಲಿ ಸಾಮಾನ್ಯವಾಗಿ ಒಂದೇ ಸಂಕೇತ ಇರುತ್ತದೆ. ಲಿನಕ್ಸ್ ಬೈಟುಗಳನ್ನು ಹೋಲಿಸುತ್ತದೆ, ಅಕ್ಷರದ ಚೆಲುವನ್ನಲ್ಲ. ಪಟ್ಟಿಯಲ್ಲಿ 'ಕೋತಿ' ಇದೆ, ಕಾರ್ಡಿನಲ್ಲೂ 'ಕೋತಿ' ಇದೆ, ಪೆಟ್ಟಿಗೆ ಮಾತ್ರ ಸಿಗಲಿಲ್ಲ ಎನ್ನುತ್ತದೆ. ಫೈಲಿಗೆ ಇಂಗ್ಲಿಷ್ ಹೆಸರಿಟ್ಟು, ಪರದೆಯಲ್ಲಿ ಕಾಣುವ ಶೀರ್ಷಿಕೆಯನ್ನಷ್ಟೇ ಕನ್ನಡದಲ್ಲಿ ಬರೆಯುವುದು ಸದ್ಯದ ಉಪಾಯ.

ಇಷ್ಟೆಲ್ಲ ತೊಡಕಿನ ನಡುವೆ ದೋಷ ಎಲ್ಲಿದೆ ಎಂದು ಹುಡುಕಲು ಒಂದು ಒಳ್ಳೆಯ ಕ್ರಮವಿದೆ. ಫೈಲಿನ ಎಲ್ಲ ಬೈಟುಗಳಿಂದ ಲೆಕ್ಕ ಹಾಕಿ ತೆಗೆಯುವ ಎಸ್‌ಎಚ್‌ಎ–256 ಎಂಬ ಬೆರಳಚ್ಚನ್ನು ಮೂರೂ ವ್ಯವಸ್ಥೆಗಳಲ್ಲಿ ತೆಗೆಯಬಹುದು. ಹೊರಟ ಕಡೆ, ತಲುಪಿದ ಕಡೆ ಅದು ಒಂದೇ ಇದ್ದರೆ ಆಟಕ್ಕೆ ಏನೂ ಆಗಿಲ್ಲ. ಆಗ ಹೆಸರು, ಪಟ್ಟಿ, ಮ್ಯಾಪರ್, ಅನುಮತಿ ಇವನ್ನು ನೋಡಬೇಕು. ಬೇರೆ ಇದ್ದರೆ ಕೇಬಲ್, ಕಾರ್ಡ್, ಅರ್ಧಕ್ಕೆ ಕಿತ್ತ ಪೆನ್‌ಡ್ರೈವ್ ಕಡೆ ತಿರುಗಬೇಕು.

ಯಾರ ಆಟ?

ತಂತ್ರ ತಿಳಿಯಿತು ಎಂದ ಮಾತ್ರಕ್ಕೆ ಹಕ್ಕು ಬಂದಂತಲ್ಲ. ಭಾರತದ 1957ರ ಹಕ್ಕುಸ್ವಾಮ್ಯ ಕಾಯ್ದೆ ಕಂಪ್ಯೂಟರ್ ಕ್ರಮವಿಧಿಯನ್ನು ಸಾಹಿತ್ಯ ಕೃತಿಯ ಸಾಲಿಗೆ ಸೇರಿಸುತ್ತದೆ. ಅದರ 52ನೇ ಸೆಕ್ಷನ್, ಕಾನೂನುಬದ್ಧವಾಗಿ ಪ್ರತಿ ಹೊಂದಿರುವವನಿಗೆ, ಅದು ಕಳೆದರೆ ಕೆಟ್ಟರೆ ಇರಲೆಂದು ಕಾಪು ಪ್ರತಿ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಬೇರೆಯವರ ಆಟವನ್ನು ಇಳಿಸಿಕೊಂಡು ಹಂಚುವುದು, ದುಡ್ಡಿಗೆ ತುಂಬಿಸಿ ಕೊಡುವುದು ಅದರಲ್ಲಿ ಬರುವುದಿಲ್ಲ. 2012ರ ತಿದ್ದುಪಡಿ ಸೇರಿಸಿದ 65ಎ ಸೆಕ್ಷನ್, ಹಕ್ಕಿಗೆ ಧಕ್ಕೆ ತರುವ ಉದ್ದೇಶದಿಂದ ತಾಂತ್ರಿಕ ಬೀಗ ಮುರಿಯುವುದನ್ನು ಅಪರಾಧವೆನ್ನುತ್ತದೆ. ಆಟದ ಮಾರಾಟ ನಿಂತು ಮೂವತ್ತು ವರ್ಷವಾಗಿದ್ದರೂ ಹಕ್ಕು ನಿಂತಿರುವುದಿಲ್ಲ.

ಹಾಗಾದರೆ ಸೇರಿಸುವುದೇನನ್ನು? ಇಂದಿಗೂ ಹಳೆ ಯಂತ್ರಕ್ಕೆ ಹೊಸ ಆಟ ಬರೆಯುವವರಿದ್ದಾರೆ. 2019ರ 'ಮೈಕ್ರೋ ಮೇಜಸ್' ಎಂಬ ಆಟ ಮಾರಿಯೋದಷ್ಟೇ 40 ಕೆಬಿಯಲ್ಲಿ ನಾಲ್ವರು ಒಟ್ಟಿಗೆ ಆಡುವಂತೆ ಮಾಡಿದೆ. ಇಂಥವನ್ನು ಬರೆದವರೇ ಫೈಲಾಗಿ ಮಾರುತ್ತಾರೆ. ಕೆಲವರು ಉಚಿತವಾಗಿಯೂ ಕೊಡುತ್ತಾರೆ. ಕೊಂಡು ಹಾಕಿದರೆ ಕಾನೂನಿನ ತಂಟೆಯಿಲ್ಲ.

ಕಮಲಾಪುರದ ಮನೆಯ ಅಕ್ಕ ತಾನೇ ಬರೆಯಲೂಬಹುದು. ಸಿಸಿ65 ಎಂಬ ಮುಕ್ತ ಕಂಪೈಲರ್ ವಿಂಡೋಸ್, ಲಿನಕ್ಸ್, ಮ್ಯಾಕ್ ಮೂರರಲ್ಲೂ ಸಿಗುತ್ತದೆ, ಸಿ ಭಾಷೆಯನ್ನು 6502ರ ಅಂಕಿಗಳಿಗೆ ಇಳಿಸುತ್ತದೆ. ಕನ್ನಡ ಅಕ್ಷರ ತೋರಿಸುವುದು ಒಳ್ಳೆಯ ಸವಾಲು. ಎನ್‌ಇಎಸ್ ಪರದೆ 8×8 ಚುಕ್ಕಿಯ ಹಲಗೆಗಳಿಂದ ಕಟ್ಟಿದ್ದು. ಹಿನ್ನೆಲೆಗೆ ಒಮ್ಮೆಗೆ 256 ಹಲಗೆ ಮಾತ್ರ. ಇಂಗ್ಲಿಷ್ ಅಕ್ಷರ ಒಂದು ಹಲಗೆಯಲ್ಲಿ ಕೂರುತ್ತದೆ. ಗುಣಿತ, ಒತ್ತು ಸೇರಿದ ಕನ್ನಡ ಅಕ್ಷರ ಓದುವಂತಿರಲು 16×16 ಚುಕ್ಕಿಯಾದರೂ ಬೇಕು, ಅಂದರೆ ನಾಲ್ಕು ಹಲಗೆ. ಲೆಕ್ಕ 64 ಅಕ್ಷರಕ್ಕೆ ಮುಗಿಯಿತು. ನಮ್ಮ 34 ವ್ಯಂಜನಗಳ ಕಾಗುಣಿತವೇ ನಾಲ್ಕುನೂರು ದಾಟುತ್ತದೆ, ಒತ್ತಕ್ಷರ ಬೇರೆ. ಪೂರ್ತಿ ವರ್ಣಮಾಲೆ ತುಂಬಲು ಹೋದವರು ಇಲ್ಲಿ ಸೋಲುತ್ತಾರೆ. ಆಟದಲ್ಲಿ ಬರುವ ಮಾತುಗಳನ್ನು ಮೊದಲು ಪಟ್ಟಿ ಮಾಡಿ, ಅದಕ್ಕೆ ಬೇಕಾದ ಆಕಾರಗಳನ್ನಷ್ಟೇ ಬಿಡಿಸುವುದು ಜಾಣ ದಾರಿ. 'ಆಟ ಮುಗಿಯಿತು' ಎನ್ನಲು ಆರು ಆಕಾರ, 24 ಹಲಗೆ, ಹಲಗೆಗೆ 16 ಬೈಟಿನಂತೆ 384 ಬೈಟು ಸಾಕು.

ಒಂದೇ ಆವೃತ್ತಿಯ ಉಪಕರಣದಿಂದ ಒಂದೇ ಮೂಲವನ್ನು ಕಾಕಾನ ವಿಂಡೋಸ್, ಅಕ್ಕನ ಲಿನಕ್ಸ್, ಅಣ್ಣನ ಮ್ಯಾಕ್ ಮೂರರಲ್ಲೂ ಕಟ್ಟಿದರೆ ಹೊರಬರುವ ಆಟದ ಬೈಟುಗಳು ಒಂದೇ ಆಗಿರಬೇಕು. 6502ಗೆ ಈ ಮೂವರ ಪರಿಚಯವೇ ಇಲ್ಲ; 1975ರಲ್ಲಿ ಹುಟ್ಟಿದ ಚಿಪ್ಪದು, ಈ ಮೂರೂ ವ್ಯವಸ್ಥೆಗಳಿಗಿಂತ ಹಿರಿಯ. ವ್ಯತ್ಯಾಸಗಳೆಲ್ಲ ಫೈಲಿನ ಹೊರಗಿವೆ: ಹೆಸರಿನಲ್ಲಿ, ಸಾಲಿನ ಕೊನೆಯಲ್ಲಿ, ಡಿಸ್ಕಿನ ಲೆಕ್ಕದಲ್ಲಿ, ಯಾರು ಮುಟ್ಟಬಹುದೆಂಬ ನಿಯಮದಲ್ಲಿ. ಆಟ ಹಾಕಿಸಲು ಅಂಗಡಿಗೆ ಹೋಗುವವರಿಗೂ, ಹಾಕಿಕೊಡುವವರಿಗೂ ಮೊದಲು ತಿಳಿಯಬೇಕಾದದ್ದು ಇದೇ. ಆಟ ತೆರೆಯದಿದ್ದಾಗ ಹೊಸ ಫೈಲು ಹುಡುಕುತ್ತ ಅಲೆಯುವ ಬದಲು, ಆ ನಾಲ್ಕರಲ್ಲಿ ಯಾವುದರ ಒಪ್ಪಂದ ಮುರಿದಿದೆ ಎಂದು ಕೇಳಬೇಕು.